ತಂಡ ಸೋತರೆ ನನಗೇಕೆ ಇಷ್ಟು ಸಂಕಟ?

ಪ್ರಶ್ನೆ: ನನ್ನ ಮೆಚ್ಚಿನ ತಂಡ ಸೋತರೆ ಊಟ ಸೇರುವುದಿಲ್ಲ, ನಿದ್ದೆ ಹತ್ತುವುದಿಲ್ಲ. ಮೊನ್ನೆ ಕೊನೆಯ ಓವರ್‌ನಲ್ಲಿ ಸೋತೆವು. ಆಗಲೇ ಮಗಳು ಹೋಮ್‌ವರ್ಕ್ ತೋರಿಸಲು ಬಂದಳು, ಗದರಿಬಿಟ್ಟೆ. "ಆ ಆಟಗಾರರಿಗೆ ನೀವು ಯಾರು ಅಂತಲೇ ಗೊತ್ತಿಲ್ಲ, ಸುಮ್ನೆ ಯಾಕೆ ಒದ್ದಾಡ್ತೀರಿ?" ಅಂತಾಳೆ ಹೆಂಡತಿ. ಆದರೂ ಮರುದಿನ ಅದೇ ಜೆರ್ಸಿ ಹಾಕಿಕೊಂಡು ಹೊರಗೆ ಹೋಗುತ್ತೇನೆ. ಇದು ಕಾಯಿಲೆಯೇ?

ಉತ್ತರ: ಅಲ್ಲ. ನಿಮ್ಮ ಸಂಕಟ ನಾಟಕವೂ ಅಲ್ಲ. 1994ರ ಫುಟ್‌ಬಾಲ್ ವಿಶ್ವಕಪ್ ಫೈನಲ್‌ನಲ್ಲಿ ಬ್ರೆಜಿಲ್ ಪೆನಾಲ್ಟಿಯಲ್ಲಿ ಇಟಲಿಯನ್ನು ಸೋಲಿಸಿತು. ಟಿವಿಯಲ್ಲಿ ಅದನ್ನು ನೋಡುತ್ತಿದ್ದ ಗಂಡಸರ ಜೊಲ್ಲನ್ನು ಸಂಶೋಧಕರು ಆಟಕ್ಕೆ ಮೊದಲೂ ಆಮೇಲೂ ಪರೀಕ್ಷಿಸಿದರು. ಬ್ರೆಜಿಲ್ ಅಭಿಮಾನಿಗಳಲ್ಲಿ ಟೆಸ್ಟೋಸ್ಟಿರಾನ್ ಎಂಬ ಗಂಡಸರ ಹಾರ್ಮೋನು ಏರಿತ್ತು, ಇಟಲಿ ಕಡೆಯವರಲ್ಲಿ ಇಳಿದಿತ್ತು. ಇವರ್ಯಾರೂ ಚೆಂಡು ಮುಟ್ಟಿದವರಲ್ಲ! ಆಟಗಾರರಿಗೆ ನೀವು ಗೊತ್ತಿಲ್ಲದಿರಬಹುದು. ನಿಮ್ಮ ಮನಸ್ಸು ಮಾತ್ರ ಆ ತಂಡವನ್ನು ಎಂದೋ ತನ್ನವರ ಸಾಲಿಗೆ ಸೇರಿಸಿಕೊಂಡಿದೆ.

ಜೆರ್ಸಿಯ ವಿಷಯ ನನಗೆ ತುಂಬಾ ಹಿಡಿಸಿತು. ಮನಶ್ಶಾಸ್ತ್ರಜ್ಞ ರಾಬರ್ಟ್ ಚಾಲ್ಡಿನಿ ಮತ್ತು ಜೊತೆಯವರು 1976ರಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ಅಮೆರಿಕದ ವಿಶ್ವವಿದ್ಯಾಲಯಗಳಲ್ಲಿ ತಮ್ಮ ಫುಟ್‌ಬಾಲ್ ತಂಡ ಗೆದ್ದ ಮೇಲಿನ ಸೋಮವಾರ, ಕಾಲೇಜಿನ ಹೆಸರಿರುವ ಬಟ್ಟೆ ಹಾಕಿಕೊಂಡು ಬರುವವರು ಜಾಸ್ತಿ ಇರುತ್ತಿದ್ದರು. ಸೋತಾಗ ಕಡಿಮೆ. ಗೆಲುವಿನಲ್ಲಿ ಪಾಲು ಬೇಕು, ಸೋಲಿನಿಂದ ದೂರ ಇರಬೇಕು: ಬಹಳ ಜನ ನೋವು ತಪ್ಪಿಸಿಕೊಳ್ಳುವುದು ಹೀಗೆ. ನೀವು ಆ ದಾರಿ ಹಿಡಿಯುವವರಲ್ಲ, ಹಾಗಾಗಿ ಪೆಟ್ಟು ನೇರ ಬೀಳುತ್ತದೆ. ಇಂಥ ನಿಷ್ಠೆಯನ್ನು ಬಿಡಿ ಅಂತ ನಾನಂತೂ ಹೇಳಲಾರೆ.

ಆದರೆ ಮಗಳು ಏನು ಮಾಡಿದ್ದಳು? ಅವಳಿಗೆ ಸ್ಕೋರೂ ಗೊತ್ತಿರಲಿಲ್ಲ. ಗದರಿದ್ದು ಅವಳ ತಪ್ಪಿನಿಂದ ಅಲ್ಲ ಅಂತ ಇವತ್ತೇ ಅವಳಿಗೆ ಹೇಳಿ. ಇನ್ನು ಮುಂದೆ ಸೋತ ಕೂಡಲೇ ಟಿವಿ ಆರಿಸಿ, ಚಪ್ಪಲಿ ಮೆಟ್ಟಿಕೊಂಡು ಒಂದು ಸುತ್ತು ಹೋಗಿಬನ್ನಿ. ರಾತ್ರಿ ಮಲಗಿಕೊಂಡು ಅದೇ ಕೊನೆಯ ಓವರ್‌ನ ವಿಡಿಯೋ ಮತ್ತೆ ಮತ್ತೆ ನೋಡಬೇಡಿ, ನಿದ್ದೆ ಕೆಡುವುದು ಅಲ್ಲೇ. ಒಬ್ಬರೇ ಕೂತು ನೋಡುತ್ತಿದ್ದರೆ ಅದೇ ತಂಡದ ಹುಚ್ಚಿರುವ ಗೆಳೆಯರನ್ನು ಸೇರಿಸಿಕೊಳ್ಳಿ. ಅಭಿಮಾನದಿಂದ ಮನಸ್ಸಿಗೆ ಸಿಗುವ ನಿಜವಾದ ಲಾಭ ಈ ಒಡನಾಟವೇ.

ಸಂಕಟ ವಾರಗಟ್ಟಲೆ ಎಳೆದರೆ, ಕುಡಿತಕ್ಕೋ ಹೊಡೆದಾಟಕ್ಕೋ ತಿರುಗಿದರೆ ಆಪ್ತಸಲಹೆಗಾರರನ್ನು ಕಾಣಿ. ಹೃದಯದ ತೊಂದರೆ ಮೊದಲೇ ಇದ್ದರೆ ವೈದ್ಯರಿಗೆ ಈ ಚಟದ ವಿಷಯವನ್ನೂ ತಿಳಿಸಿ. 2006ರ ಫುಟ್‌ಬಾಲ್ ವಿಶ್ವಕಪ್‌ನಲ್ಲಿ ಜರ್ಮನಿ ಆಡಿದ ದಿನಗಳಂದು ಮ್ಯೂನಿಕ್ ಸುತ್ತಮುತ್ತ ಹೃದಯದ ತುರ್ತು ಪ್ರಕರಣಗಳು ಮಾಮೂಲಿಗಿಂತ ಎರಡೂವರೆ ಪಟ್ಟಿಗೂ ಹೆಚ್ಚಾಗಿದ್ದವು.