ತಹಶೀಲ್ದಾರ್ ಪತ್ರ ಬರೆದರೆ ಕರೆಂಟ್ ಕಡಿಯಬಹುದೇ?

ಪ್ರಶ್ನೆ: ತಂದೆಯ ಕಾಲದ ಮನೆಯಲ್ಲಿ ವಾಸವಿದ್ದೇನೆ. ಪಾಲಿನ ದಾವೆ ಸಿವಿಲ್ ಕೋರ್ಟಿನಲ್ಲಿದೆ, ತಡೆಯಾಜ್ಞೆ ಯಾವುದೂ ಇಲ್ಲ. ಅಣ್ಣ ಕೊಟ್ಟ ಅರ್ಜಿಯ ಮೇಲೆ ತಹಶೀಲ್ದಾರರು, ವ್ಯಾಜ್ಯ ಮುಗಿಯುವವರೆಗೆ ಸಂಪರ್ಕ ಕಡಿತಗೊಳಿಸುವಂತೆ ವಿದ್ಯುತ್ ಕಂಪನಿಗೆ ಪತ್ರ ಬರೆದರು. ಬಿಲ್ ಬಾಕಿ ಇಲ್ಲದಿದ್ದರೂ ಲೈನ್ ಕಡಿದಿದ್ದಾರೆ. ಹೈಕೋರ್ಟಿಗೆ ಹೋಗಬಹುದೇ?

ಉತ್ತರ: ಹೋಗಬಹುದು. ಆದರೆ ಮನೆ ಯಾರದ್ದು ಎಂಬ ಜಗಳವನ್ನು ಅಲ್ಲಿಗೆ ಹೊತ್ತುಕೊಂಡು ಹೋಗಬೇಡಿ. ಸಂವಿಧಾನದ 226ನೇ ವಿಧಿಯಡಿ, ಅಧಿಕಾರಿಗಳ ಕ್ರಮ ಪ್ರಶ್ನಿಸಿ ಹೈಕೋರ್ಟಿಗೆ ಹಾಕುವ ರಿಟ್‌ನಲ್ಲಿ ಆಸ್ತಿಯ ಹಕ್ಕು ತೀರ್ಮಾನವಾಗುವುದಿಲ್ಲ. ಅಲ್ಲಿ ಕೇಳಬೇಕಾದ್ದು ಒಂದೇ: ಈ ಪತ್ರ ಬರೆಯಲು ತಹಶೀಲ್ದಾರರಿಗೆ ಯಾವ ಕಾಯ್ದೆಯ ಯಾವ ಕಲಂ ಅಧಿಕಾರ ಕೊಟ್ಟಿದೆ?

2003ರ ವಿದ್ಯುತ್ ಕಾಯ್ದೆಯ 56ನೇ ಕಲಂ ಪ್ರಕಾರ ಸಂಪರ್ಕ ಕಡಿಯುವುದು ಹಣ ಕಟ್ಟದಿದ್ದಾಗ, ಅದೂ ಪೂರ್ತಿ 15 ದಿನಗಳ ಲಿಖಿತ ನೋಟಿಸ್ ಕೊಟ್ಟ ಮೇಲೆ. ಅಣ್ಣ ತಮ್ಮಂದಿರ ವ್ಯಾಜ್ಯ ಅದರಲ್ಲಿ ಎಲ್ಲೂ ಬರುವುದಿಲ್ಲ. ಇನ್ನೊಂದು ದೋಷವೂ ಇದೆ. ಕಡಿಯುವ ಅಧಿಕಾರ ಕಂಪನಿಯದ್ದಾದರೆ ಯೋಚಿಸಬೇಕಾದವರೂ ಅವರೇ; ಬೇರೆ ಇಲಾಖೆ ಹೇಳಿತೆಂದು ಸಹಿ ಹಾಕುವಂತಿಲ್ಲ. ಗೋರ್ಧನದಾಸ್ ಭಾಂಜಿ ಪ್ರಕರಣದಲ್ಲಿ ಬೊಂಬಾಯಿಯ ಪೊಲೀಸ್ ಕಮಿಷನರ್ ಸರ್ಕಾರದ ನಿರ್ದೇಶನವನ್ನು ಹಾಗೇ ತಿಳಿಸಿ ಸಿನಿಮಾ ಮಂದಿರದ ಅನುಮತಿ ರದ್ದಾಯಿತು ಎಂದಿದ್ದರು. 1951ರಲ್ಲೇ ಸುಪ್ರೀಂ ಕೋರ್ಟ್ ಅದನ್ನು ಒಪ್ಪಲಿಲ್ಲ.

ಮೊದಲು ಕಾಗದ ಕೈಗೆ ಬರಲಿ. ತಹಶೀಲ್ದಾರರ ಪತ್ರದ ಪ್ರತಿಗೆ ಅರ್ಜಿ ಕೊಟ್ಟು ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ. ಕೊಡದಿದ್ದರೆ ಮಾಹಿತಿ ಹಕ್ಕಿನಲ್ಲಿ ಕೇಳಿ. ಅದೇ ದಿನ ವಿದ್ಯುತ್ ಕಂಪನಿಯ ಸಹಾಯಕ ಕಾರ್ಯಪಾಲಕ ಎಂಜಿನಿಯರಿಗೆ ಮರುಸಂಪರ್ಕದ ಮನವಿ ಹೋಗಲಿ: ಆರ್.ಆರ್. ಸಂಖ್ಯೆ (ಬಿಲ್ಲಿನ ಮೇಲಿರುವ ಸಂಪರ್ಕ ಸಂಖ್ಯೆ), ಕೊನೆಯ ಬಿಲ್ ರಸೀದಿ, ವಾಸದ ದಾಖಲೆ, ಕಡಿದ ದಿನ. ‘ಮೇಲಿನವರ ಆದೇಶವಿದೆ’ ಎಂದು ಬಾಯಲ್ಲಿ ಹೇಳಿ ಕಳಿಸಿದರೆ ಬರಬೇಡಿ, ಹಿಂಬರಹ (ಮನವಿಗೆ ಲಿಖಿತ ಉತ್ತರ) ಕೇಳಿ. ನಿಮ್ಮ ಕೇಸಿಗೆ ಆ ಒಂದು ಪುಟವೇ ಬೆನ್ನೆಲುಬು. ಆದೇಶದಲ್ಲಿ ಇಲ್ಲದ ಕಾರಣವನ್ನು ಆಮೇಲೆ ಕೋರ್ಟಿಗೆ ಕೊಡುವ ಅಫಿಡವಿಟ್ಟಿನಲ್ಲಿ ಸೇರಿಸಿ ಸಮರ್ಥಿಸಿಕೊಳ್ಳಲಾಗದು ಎಂದು ಸುಪ್ರೀಂ ಕೋರ್ಟಿನ ಮೊಹಿಂದರ್ ಸಿಂಗ್ ಗಿಲ್ ತೀರ್ಪು (1977) ಹೇಳಿದೆ.

ರಿಟ್ ಸೋಲುವುದು ಬಹುಪಾಲು ಕೋರಿಕೆಯ ಭಾಗದಲ್ಲಿ. ಕಂಪನಿಯ ಹಿಂಬರಹವನ್ನಷ್ಟೇ ಪ್ರಶ್ನಿಸಿ ತಹಶೀಲ್ದಾರರ ಪತ್ರ ಬಿಟ್ಟರೆ ಬೇರು ಹಾಗೇ ಉಳಿಯುತ್ತದೆ. ‘ಮನವಿ ಪರಿಗಣಿಸಲು ಆದೇಶಿಸಿ’ ಎಂದಷ್ಟೇ ಕೇಳಿದರೆ ಕೋರ್ಟ್ ಅಷ್ಟನ್ನೇ ಕೊಡುತ್ತದೆ. ಅಧಿಕಾರಿ ಪರಿಗಣಿಸಿ ಮತ್ತೆ ತಿರಸ್ಕರಿಸಿದರೆ ತಿಂಗಳುಗಳು ವ್ಯರ್ಥ. ಎರಡೂ ಕಾಗದಗಳ ರದ್ದತಿ, ಮರುಸಂಪರ್ಕದ ನಿರ್ದೇಶನ, ಜೊತೆಗೆ ಮಧ್ಯಂತರ ಮರುಸಂಪರ್ಕ ಕೇಳಿ. ಅಣ್ಣನನ್ನು ಪ್ರತಿವಾದಿ ಮಾಡಲೇಬೇಕು. ಪಾಲಿನ ದಾವೆಯ ಸಂಖ್ಯೆ ಬರೆಯಿರಿ. ಮುಚ್ಚಿಟ್ಟದ್ದು ಗೊತ್ತಾದರೆ ಆ ಒಂದೇ ಕಾರಣಕ್ಕೆ ಅರ್ಜಿ ವಜಾ ಆಗಬಹುದು.

ಗ್ರಾಹಕರ ಕುಂದುಕೊರತೆ ವೇದಿಕೆ ಇದೆಯಲ್ಲ, ಅಲ್ಲಿಗೆ ಹೋಗಿ ಎಂದು ಎದುರು ಕಡೆಯವರು ವಾದಿಸುತ್ತಾರೆ. 42(5)ನೇ ಕಲಂನ ಆ ವೇದಿಕೆ ಕಂಪನಿಯನ್ನು ಕೇಳಬಲ್ಲದು, ತಹಶೀಲ್ದಾರರ ಪತ್ರವನ್ನು ರದ್ದು ಮಾಡಲಾರದು. ಅಧಿಕಾರವೇ ಇಲ್ಲದ ಆದೇಶಕ್ಕೆ ಪರ್ಯಾಯ ಪರಿಹಾರದ ಅಡ್ಡಿ ಇಲ್ಲವೆಂದು ಸುಪ್ರೀಂ ಕೋರ್ಟಿನ ವರ್ಲ್‌ಪೂಲ್ ತೀರ್ಪಿನಲ್ಲಿದೆ (1998).

ಮುಂದೆ ಸಿವಿಲ್ ಕೋರ್ಟೇ ಯಥಾಸ್ಥಿತಿ ಆದೇಶ ಕೊಟ್ಟರೆ ಲೆಕ್ಕ ಬೇರೆ. ಅದನ್ನು ತೆರವುಗೊಳಿಸಲು ಅಲ್ಲೇ ಅರ್ಜಿ ಹಾಕಬೇಕು. 226ನೇ ವಿಧಿಯಲ್ಲಿ ಸಿವಿಲ್ ಕೋರ್ಟಿನ ಆದೇಶ ಪ್ರಶ್ನಿಸಲಾಗದು.

ಪ್ರಶ್ನೆ: ಬಾಡಿಗೆದಾರ ನಾನು. ಮಾಲೀಕರ ಒಪ್ಪಿಗೆ ಪತ್ರವಿಲ್ಲದೆ ಹೊಸ ಸಂಪರ್ಕ ಕೊಡುವುದಿಲ್ಲ ಎನ್ನುತ್ತಾರೆ.

ಉತ್ತರ: 43ನೇ ಕಲಂನಲ್ಲಿ ‘ಮಾಲೀಕ ಅಥವಾ ಅನುಭೋಗದಾರ’ (ಅಂದರೆ ಅಲ್ಲಿ ವಾಸವಿರುವವ) ಎಂದೇ ಇದೆ. ಮಾಲೀಕರು ಒಪ್ಪಿಗೆ ಪತ್ರ ಕೊಡಲಿಲ್ಲವೆಂಬ ಒಂದೇ ಕಾರಣಕ್ಕೆ ವಿದ್ಯುತ್ ನಿರಾಕರಿಸುವಂತಿಲ್ಲ, ಅರ್ಜಿದಾರ ವಾಸವಿದ್ದಾನೆಯೇ ಎಂದಷ್ಟೇ ನೋಡಬೇಕು ಎಂದು ದಿಲೀಪ್ ವಿರುದ್ಧ ಸತೀಶ್ ಪ್ರಕರಣದಲ್ಲಿ (2022) ಸುಪ್ರೀಂ ಕೋರ್ಟ್ ಹೇಳಿದೆ. ಬಾಡಿಗೆ ಕರಾರು, ಬಾಡಿಗೆ ಕಟ್ಟಿದ ಬ್ಯಾಂಕ್ ದಾಖಲೆ, ಗುರುತಿನ ಚೀಟಿ ಲಗತ್ತಿಸಿ. ನಿರಾಕರಿಸಿದರೆ, ಇಲ್ಲಿ ತಹಶೀಲ್ದಾರರಂಥ ಹೊರಗಿನ ಅಧಿಕಾರಿಯ ಪತ್ರ ಅಡ್ಡ ಇಲ್ಲದ್ದರಿಂದ, ಕುಂದುಕೊರತೆ ವೇದಿಕೆಗೇ ಮೊದಲು ಹೋಗಿ.