ಬ್ರಿಟನ್ನಿನಲ್ಲಿ ಟಿವಿ ಸ್ಕ್ರಿಪ್ಟ್ ಬರೆಯಬೇಕು. ನನ್ನ ಸೀರೀಸ್ ಐಡಿಯಾ ಕದಿಯದಂತೆ ಕಾಪಾಡಿಕೊಳ್ಳುವುದು ಹೇಗೆ?

ಆರು ಎಪಿಸೋಡಿನ ಐಡಿಯಾ ಬಚ್ಚಿಟ್ಟುಕೊಂಡು ಇದೇ ಭಯದಲ್ಲಿ ನಾನೂ ವರ್ಷಗಟ್ಟಲೆ ಕೂತಿದ್ದೆ. ಬಿಡಿ ಅದನ್ನು. ಅಲ್ಲಿನ 1988ರ ಕಾಪಿರೈಟ್ ಕಾಯ್ದೆ ಬರೀ ಐಡಿಯಾವನ್ನು ಕಾಯುವುದಿಲ್ಲ. ಬರೆದಿಟ್ಟದ್ದಕ್ಕೆ ನೋಂದಣಿ ಇಲ್ಲದೆಯೇ ರಕ್ಷಣೆ ಇದೆ.

ನನಗೆ ಪೆಟ್ಟು ಕೊಟ್ಟದ್ದು ಕಳ್ಳತನವಲ್ಲ. ವಾರಕ್ಕೆ ಹಲವು ಸಲ ಬರುವ ಧಾರಾವಾಹಿಯೊಂದರಲ್ಲಿ ಅರ್ಧ ಗಂಟೆಯ ಒಂದು ಎಪಿಸೋಡ್ ಸಿಕ್ಕಿತ್ತು. ಅಲ್ಲಿ ಕಥೆ ಎಪಿಸೋಡ್ ಬರೆಯುವವರ ಸ್ವಂತದ್ದಲ್ಲ. ಸ್ಟೋರಿ ಮೀಟಿಂಗಿನಲ್ಲಿ ನಿರ್ಧಾರವಾದ ಕಥೆ ಕೈಗೆ ಬರುತ್ತದೆ. ಅದನ್ನು ಸೀನ್‌ಗಳಾಗಿ ಒಡೆದು ಒಪ್ಪಿಗೆ ಪಡೆದ ಮೇಲೆ ಡ್ರಾಫ್ಟ್, ಸ್ಕ್ರಿಪ್ಟ್ ಎಡಿಟರ್ ಟಿಪ್ಪಣಿ, ಮತ್ತೆ ಡ್ರಾಫ್ಟ್. ಹಿಂದಿನ, ಮುಂದಿನ ಎಪಿಸೋಡುಗಳನ್ನು ಅದೇ ಹೊತ್ತಿಗೆ ಬೇರೆಯವರು ಬರೆಯುತ್ತಿರುತ್ತಾರೆ. ಮೂರನೇ ಡ್ರಾಫ್ಟಿನಲ್ಲಿ ಕೊನೆಯ ಸೀನ್ ಸಪ್ಪೆ ಅನ್ನಿಸಿತು. ಅಡುಗೆಮನೆಯಲ್ಲಿ ಮುಗಿಯಬೇಕಿದ್ದ ಜಗಳವನ್ನು ರಾತ್ರಿಯ ಕಾಲುವೆ ದಂಡೆಗೆ ಒಯ್ದು, ಹೆಂಡತಿ ಫೋನನ್ನು ನೀರಿಗೆಸೆಯುವಂತೆ ಮಾಡಿದೆ. ಎಡಿಟರನ್ನು ಕೇಳಲಿಲ್ಲ. ಮುಂದಿನ ಎಪಿಸೋಡಿನ ಮೊದಲ ಸೀನಿನಲ್ಲೇ ಅವಳು ಆ ಫೋನಿನಲ್ಲಿ ಮೆಸೇಜ್ ಓದಬೇಕಿತ್ತು. ಅಲ್ಲದೆ ಹಲವು ಎಪಿಸೋಡುಗಳನ್ನು ಒಟ್ಟಿಗೆ, ಸೆಟ್ ಪ್ರಕಾರ ಶೂಟ್ ಮಾಡುತ್ತಾರೆ. ಅಡುಗೆಮನೆ ಸೆಟ್ ಸಿದ್ಧವಿತ್ತು. ಕಾಲುವೆಗೆ ಲೊಕೇಶನ್, ರಾತ್ರಿ ಲೈಟು, ನೀರಿನ ಪಕ್ಕ ಸುರಕ್ಷತೆಯವರು ಬೇಕು. ಒಂದೇ ಡೈಲಾಗಿಗಾಗಿ ನಾನು ಕರೆತಂದ ನೆರೆಯವನ ಪಾತ್ರಧಾರಿಗೆ ಆ ವಾರ ಬುಕಿಂಗೇ ಇರಲಿಲ್ಲ. ಎಡಿಟರ್ ರಾತ್ರಿಯಿಡೀ ಕೂತು ಸರಿಮಾಡಿದರು. ನನಗೆ ಎರಡನೇ ಎಪಿಸೋಡ್ ಬರಲಿಲ್ಲ. ಕೇಳಬೇಕಿದ್ದದ್ದು ಮೂರೇ ಮಾತು: ಮುಂದಿನವರು ಎಲ್ಲಿಂದ ಎತ್ತಿಕೊಳ್ಳುತ್ತಾರೆ, ಯಾವ ಸೆಟ್ ಇದೆ, ಯಾವ ನಟರಿದ್ದಾರೆ.

ಹಾಗಾಗಿ ಐಡಿಯಾ ಕಾಯುವುದಕ್ಕಿಂತ ಇಂಥ ಕೆಲಸ ಕಲಿಯುವುದು ಮುಖ್ಯ. ನಿಮ್ಮ ಸೀರೀಸನ್ನು ಮಾರಲು ಹೋಗಬೇಡಿ. ಅದರ ಮೊದಲ ಎಪಿಸೋಡನ್ನು ಪೂರ್ತಿ ಬರೆಯಿರಿ. ಪುಟಕ್ಕೆ ಸುಮಾರು ಒಂದು ನಿಮಿಷದ ಲೆಕ್ಕ, ಗಂಟೆಯ ನಾಟಕಕ್ಕೆ ಅರುವತ್ತರ ಒಳಗೆ ಪುಟ. ಅದು ನಿಮ್ಮ ಬರವಣಿಗೆಯ ಸ್ಯಾಂಪಲ್. ಓಡುತ್ತಿರುವ ಧಾರಾವಾಹಿಯ ಎಪಿಸೋಡನ್ನು ಸ್ಯಾಂಪಲ್ಲಾಗಿ ಕಳಿಸಬೇಡಿ, ಬ್ರಿಟನ್ನಿನಲ್ಲಿ ಸ್ವಂತದ್ದನ್ನೇ ಕೇಳುತ್ತಾರೆ. ಬಿಬಿಸಿ ರೈಟರ್ಸ್ ವಿಭಾಗ ಏಜೆಂಟ್ ಇಲ್ಲದವರಿಂದಲೂ ನಿಗದಿತ ಅವಧಿಯಲ್ಲಿ ಸ್ಕ್ರಿಪ್ಟ್ ತೆಗೆದುಕೊಳ್ಳುತ್ತದೆ. ಮೊದಲ ಸುತ್ತಿನಲ್ಲಿ ಓದುವುದು ಆರಂಭದ ಪುಟಗಳನ್ನಷ್ಟೇ, ಕಥೆ ಅಲ್ಲೇ ಹೊತ್ತಿಕೊಳ್ಳಬೇಕು.

ಹೊಸಬರಿಗೆ ತೆರೆಯ ಮೇಲೆ ಬರಹಗಾರರೆಂದು ಮೊದಲ ಕ್ರೆಡಿಟ್ ಕೊಡುತ್ತಿದ್ದ ಬಿಬಿಸಿ ಧಾರಾವಾಹಿ 'ಡಾಕ್ಟರ್ಸ್' 2024ರಲ್ಲಿ ನಿಂತುಹೋಯಿತು, ಅದು ನಿಜಕ್ಕೂ ದೊಡ್ಡ ನಷ್ಟ. ಈಗ ರೇಡಿಯೊ ನಾಟಕ, ರಂಗಭೂಮಿಯ ಕಡೆಯೂ ಬರೆಯಿರಿ. ಬ್ರಿಟನ್ನಿನ ಹೆಸರಾಂತ ಟಿವಿ ಬರಹಗಾರ್ತಿ ಸ್ಯಾಲಿ ವೇನ್‌ರೈಟ್ ಶುರು ಮಾಡಿದ್ದೇ ರೇಡಿಯೊ ಧಾರಾವಾಹಿಯಿಂದ. ಕರಾರು ಬಂದರೆ ಸಹಿಗೆ ಮೊದಲು ಅಲ್ಲಿನ ಬರಹಗಾರರ ಸಂಘವಾದ ರೈಟರ್ಸ್ ಗಿಲ್ಡ್ ಸದಸ್ಯರಾಗಿ ಅದನ್ನು ಅವರಿಗೆ ತೋರಿಸಿ.