ಗಂಡೌಲಿಂ, ಗೊಂಡೊಲಾ, ಗುಂಡುಲಿಚ್

ಕಾರವಾರದ ಓದುಗರೊಬ್ಬರ ಪತ್ರ: ಹಳೇ ಗೋವಾ ಹತ್ತಿರದ ಗಂಡೌಲಿಂಗೆ ಆ ಹೆಸರು ಬಂದದ್ದು ಡುಬ್ರೊವ್ನಿಕ್‌ನ ಗುಂಡುಲಿಚ್ ಮನೆತನದಿಂದ ಎಂದು ಓದಿದೆ. ಅದೇ ಮನೆತನವನ್ನು ಬೇರೆ ಕಡೆ ಗೊಂಡೊಲಾ ಎಂದು ಬರೆದಿದ್ದಾರೆ. ಇವರು ವೆನಿಸ್‌ನವರೇ? ಮನೆತನದ ಚರಿತ್ರೆ ತಿಳಿಸಿ.

ಸಂಪಾದಕರ ಉತ್ತರ:

ಎರಡೂ ಒಂದೇ ಮನೆತನ. ಇಂದು ಕ್ರೊಯೇಷಿಯಾದಲ್ಲಿರುವ ಡುಬ್ರೊವ್ನಿಕ್‌ಗೆ ಆಗ ರಗುಸಾ ಎಂದು ಹೆಸರು. ಆ ಗಣರಾಜ್ಯದ ದಫ್ತರ ಲ್ಯಾಟಿನ್ ಮತ್ತು ಇಟಾಲಿಯನ್‌ನಲ್ಲಿ ನಡೆಯುತ್ತಿತ್ತು; ಬೀದಿಯಲ್ಲಿ ಸ್ಲಾವ್ ಮಾತು. ಹಾಗಾಗಿ ಕುಲೀನ ಮನೆಗಳಿಗೆ ಎರಡೆರಡು ಹೆಸರು: ಸೊರ್ಗೊ ಎಂದರೆ ಸೊರ್ಕೊಚೆವಿಚ್, ಬೊನಾ ಎಂದರೆ ಬುನಿಚ್, ಗೊಂಡೊಲಾ ಎಂದರೆ ಗುಂಡುಲಿಚ್. ದೋಣಿಯ ಹೆಸರು ಕಿವಿಗೆ ಬಿತ್ತೆಂದು ವೆನಿಸ್‌ಗೆ ಗಂಟು ಹಾಕಬೇಡಿ. ರಗುಸಾ 1205ರಿಂದ 1358ರವರೆಗೆ ವೆನಿಸ್‌ನ ಅಧೀನದಲ್ಲಿತ್ತು, ನಿಜ. ಆದರೆ ಗುಂಡುಲಿಚ್‌ಗಳು ರಗುಸಾದ ಮಹಾಸಭೆಯ ಮನೆತನ.

ಆ ಸಭೆಯ ಬಾಗಿಲು 1332ರಲ್ಲಿ ಮುಚ್ಚಿತು. ಅಲ್ಲಿಂದ ಮುಂದೆ ಒಳಗಿದ್ದ ಮನೆಗಳ ಗಂಡಸರಿಗಷ್ಟೇ ಅಧಿಕಾರ. ಯಾರೂ ದೊರೆಯಾಗದಂತೆ ನೋಡಿಕೊಂಡ ರೀತಿ ನಿಜಕ್ಕೂ ಮೆಚ್ಚುವಂಥದ್ದು. ರಾಜ್ಯದ ಮುಖ್ಯಸ್ಥನಾದ ರೆಕ್ಟರ್‌ನ ಅವಧಿ ಒಂದೇ ತಿಂಗಳು. ಆ ತಿಂಗಳಿಡೀ ಅವನು ಅರಮನೆಯಲ್ಲೇ ಇರಬೇಕು, ಸರ್ಕಾರಿ ಕೆಲಸವಿಲ್ಲದೆ ಹೊರಗೆ ಕಾಲಿಡುವಂತಿಲ್ಲ. ಐವತ್ತು ದಾಟದವರಿಗೆ ಈ ಪದವಿ ಸಲ್ಲದು.

ಈ ಕಟ್ಟಳೆಯೇ ಮನೆತನದ ಅತಿ ಪ್ರಸಿದ್ಧ ಮಗನಿಗೆ ಅಡ್ಡ ಬಂತು. ಕವಿ ಇವಾನ್ ಗುಂಡುಲಿಚ್ ಹುಟ್ಟಿದ್ದು 1589ರ ಜನವರಿ, ತೀರಿಕೊಂಡದ್ದು 1638ರ ಡಿಸೆಂಬರ್: ಐವತ್ತಕ್ಕೆ ಕೆಲವೇ ವಾರ ಬಾಕಿ. 1615 ಮತ್ತು 1619ರಲ್ಲಿ ಕೊನಾವ್ಲೆ ಸೀಮೆಯ ಅಧಿಕಾರಿಯಾಗಿ, ಸೆನೆಟರ್ ಆಗಿ, ನ್ಯಾಯಾಧೀಶನಾಗಿ ದುಡಿದವನು ರೆಕ್ಟರ್ ಆಗಲೇ ಇಲ್ಲ. ಒಟ್ಟೊಮನ್ ತುರ್ಕರ ಸುಲ್ತಾನನಿಗೂ ಪೋಲೆಂಡಿಗೂ ನಡೆದ 1621ರ ಖೋತಿನ್ ಯುದ್ಧದ ಸುತ್ತ ಹೆಣೆದ ಅವನ ಮಹಾಕಾವ್ಯ ‘ಓಸ್ಮಾನ್’ ಇಪ್ಪತ್ತು ಸರ್ಗಗಳದ್ದು. 14 ಮತ್ತು 15ನೆಯವು ಇಲ್ಲ. ಸುಲ್ತಾನನಿಗೆ ವರ್ಷಕ್ಕೆ 12,500 ಡುಕಾಟ್ ಕಪ್ಪ ತೆರುತ್ತಿದ್ದ ಊರಿನಲ್ಲಿ ಕುಳಿತು, ಸುಲ್ತಾನನ ಸೋಲನ್ನು ಹಾಡಿದ ಕಾವ್ಯ ಅದು. ಅಚ್ಚಾದದ್ದು 1826ರಲ್ಲಿ.

ವಂಶವೃಕ್ಷ ಬರೆಯಹೊರಟವರು ಎಡವುವುದು ಹೆಸರುಗಳಲ್ಲಿ. ಅಜ್ಜನ ಹೆಸರು ಮೊಮ್ಮಗನಿಗೆ ಇಡುವ ಪದ್ಧತಿ ನಮ್ಮಲ್ಲಿರುವಂತೆ ಅಲ್ಲೂ ಇತ್ತು. ಈ ಕವಿಯ ಮೊಮ್ಮಗನೂ ಇವಾನನೇ, ಅವನೂ ಕವಿಯೇ! ಬೇರ್ಪಡಿಸುವ ಗುರುತು ತಂದೆಯ ಹೆಸರು. ಫ್ರಾನೊನ ಮಗ ‘ಜಿವೊ ಫ್ರಾನೊವ್’ ಎಂದರೆ ಅಜ್ಜ, ಶಿಷ್ಕೊನ ಮಗ ‘ಜಿವೊ ಶಿಷ್ಕೊವ್’ ಎಂದರೆ ಮೊಮ್ಮಗ. (ಜಿವೊ ಎಂಬುದು ಇವಾನ್‌ನ ಊರ ರೂಪ.) ತಂದೆಯ ಹೆಸರಿಲ್ಲದ ದಾಖಲೆ ಸಿಕ್ಕರೆ ಆ ವರ್ಷದ ಪದವಿಯನ್ನು ನೋಡಿ. ಯಾರು ಯಾವಾಗ ಯಾವ ಹುದ್ದೆಗೆ ಆಯ್ಕೆಯಾದರು ಎಂಬುದನ್ನು ‘ಸ್ಪೆಕ್ಯೊ’, ಅಂದರೆ ಕನ್ನಡಿ, ಎಂಬ ಪುಸ್ತಕದಲ್ಲಿ ಬರೆದಿಡುತ್ತಿದ್ದರು.

1667ರ ಏಪ್ರಿಲ್ 6ರ ಭೂಕಂಪ ಕುಲೀನರ ಸಂಖ್ಯೆಯನ್ನು ಕುಗ್ಗಿಸಿತು, ಹೊಸ ಮನೆಗಳನ್ನು ಸಭೆಗೆ ಸೇರಿಸಿಕೊಳ್ಳಬೇಕಾಯಿತು. 1808ರಲ್ಲಿ ಫ್ರೆಂಚರು ಗಣರಾಜ್ಯವನ್ನೇ ರದ್ದುಮಾಡಿದರು. ಅಷ್ಟರಲ್ಲಿ ಗುಂಡುಲಿಚ್‌ರ ಗಂಡು ಸಂತತಿ ನಿಂತುಹೋಗಿತ್ತು. ಕವಿಯ ಪ್ರತಿಮೆ ನಿಂತದ್ದು 1893ರಲ್ಲಿ; ಆಗಿನ ಮೇಯರ್ ಫ್ರಾನೊ ಗೆತಾಲ್ದಿಚ್-ಗುಂಡುಲಿಚ್. ಈ ಜೋಡಿ ಹೆಸರು ನೋಡಿ ಅವರನ್ನು ಕವಿಯ ನೇರ ಗಂಡು ಸಂತತಿಗೆ ಸೇರಿಸಬೇಡಿ: ಅವರದು ಗೆತಾಲ್ದಿಚ್ ಮನೆತನ, ಗುಂಡುಲಿಚ್ ಹೆಸರು ಆಮೇಲೆ ಸೇರಿಕೊಂಡದ್ದು.

ಇನ್ನು ಗಂಡೌಲಿಂ. ಅಲ್ಲಿನ ಚರ್ಚು ಸಂತ ಬ್ಲೇಸನದು, ಡುಬ್ರೊವ್ನಿಕ್‌ನ ಪಾಲಕ ಸಂತನೂ ಅವನೇ. ವಾದ ಹುಟ್ಟಿದ್ದು ಇಲ್ಲಿಂದ. ಆದರೆ ಪೋರ್ಚುಗಲ್‌ನಲ್ಲೂ ಈ ಸಂತನ ಹೆಸರಿನ ಊರುಗಳಿವೆ. ಅವನ ಚರ್ಚು ಕಟ್ಟಲು ರಗುಸಾದವರೇ ಬರಬೇಕಿರಲಿಲ್ಲ. ಊರ ಹೆಸರಿನ ಕೊನೆಯ ‘ಲಿಂ’ ಕೂಡ ನಿಮಗೆ ಹೊಸದಲ್ಲ: ಡಿಚೋಲಿಯನ್ನು ಬಿಚೋಲಿಂ, ಸಾಂಖಳಿಯನ್ನು ಸಾಂಕೆಲಿಂ ಎಂದು ಬರೆದ ಪೋರ್ಚುಗೀಸ್ ಕಾಗುಣಿತವೇ ಇದು. ‘ಲಿಚ್’ ‘ಲಿಂ’ ಆಯಿತು ಎನ್ನುವವರು, ಊರಿನ ಕೊಂಕಣಿ ಹೆಸರನ್ನೂ ಚರ್ಚು ಕಟ್ಟುವ ಮುಂಚಿನ ಬರಹಗಳಲ್ಲಿ ಅದರ ರೂಪವನ್ನೂ ಮೊದಲು ಮುಂದಿಡಬೇಕು. ಅದಿಲ್ಲದೆ ಈ ಮಾತನ್ನು ನಮ್ಮ ಪತ್ರಿಕೆ ಒಪ್ಪಲಾರದು.